ಎಡಗೈಯ ತೋರುಬೆರಳು

ಬೆರಳು ಯಾವುದೆಂದು ಸಿಕ್ಕಿತು: ಎಡಗೈಯ ತೋರುಬೆರಳು. ಬಿಗಿದದ್ದು ದಾರ ಎಂಬುದೂ ಸಿಕ್ಕಿತು. ಕಟ್ಟಿದ್ದು ಯಾರು ಎಂಬುದನ್ನು ಮಾತ್ರ ಯಾರೂ ಬರೆದಿರಲಿಲ್ಲ.

ಎಮಿಲ್ ಹ್ರಿಂಕೊ ಪರದೆಯ ಮೇಲಿನ ಟಿಪ್ಪಣಿಯನ್ನು ನಾಲ್ಕನೆಯ ಸಲ ಓದಿದ. ಓಲ್ಗಾ ಪೆಟ್ರಸ್, ಎಂಬತ್ತೊಂದು ವರ್ಷ, ವೃದ್ಧರ ವಸತಿಗೃಹದಲ್ಲಿ ಒಂಟಿ ವಾಸ. ದಾರ ಮೂರು ದಿನದ್ದು. ಊದಿದೆ, ನೀಲಿಗಟ್ಟಿದೆ. ಕತ್ತರಿಸಿ ತೆಗೆಯಲಾಯಿತು.

ಆಸ್ಪತ್ರೆಯ ನೆಲಮಾಳಿಗೆಯಲ್ಲಿ ಕೂತು, ಡಾಕ್ಟರುಗಳು ಬರೆದದ್ದಕ್ಕೆಲ್ಲ ದಾಖಲೆಗಾಗಿ ಕೋಡ್ ಸಂಖ್ಯೆ ಹಾಕುವುದು ಅವನ ಕೆಲಸ. ಒಂದೊಂದು ಬೆರಳಿಗೂ ಒಂದು ಕೋಡ್. ಬಿಗಿದದ್ದು ಉಂಗುರವೋ, ಕೂದಲೋ, ದಾರವೋ, ಅದಕ್ಕೆ ಇನ್ನೊಂದು. ಉದ್ದೇಶ ಬರೆದಿರದಿದ್ದರೆ ಆಕಸ್ಮಿಕ ಎಂದು ಹಾಕಿಬಿಡಬೇಕು. ನಿಯಮ ಅಷ್ಟರಮಟ್ಟಿಗೆ ಉದಾರವಾಗಿತ್ತು.

ಎಮಿಲ್ ಹಾಗೆ ಹಾಕಲಿಲ್ಲ. ಉಕ್ಕಿನ ಕಾರ್ಖಾನೆ ಮುಚ್ಚಿದ ಮೇಲೆ ಸಂಜೆ ತರಗತಿಗೆ ಹೋಗಿ ಈ ವಿದ್ಯೆ ಕಲಿತವನು ಅವನು. ಹಗಲು ಕಲಿತವರಿಗೆ ಗೊತ್ತಿರುವುದೇನೋ ತನಗೆ ತಪ್ಪಿಹೋಗಿದೆ ಎಂಬ ಅಂಜಿಕೆ ಇಪ್ಪತ್ತು ವರ್ಷವಾದರೂ ಹೋಗಿರಲಿಲ್ಲ. ಡಾಕ್ಟರಿಗೆ ಪ್ರಶ್ನೆ ಕಳಿಸಿದ: ಆಕಸ್ಮಿಕವೋ, ತಾನಾಗಿ ಮಾಡಿಕೊಂಡದ್ದೋ, ತಿಳಿಯದೋ? ಒಂದಕ್ಕೆ ಗುರುತು ಹಾಕಿ.

ಮಧ್ಯಾಹ್ನ ಉತ್ತರ ಬಂತು. ಗುರುತು ಎರಡನೆಯದಕ್ಕೆ ಬಿದ್ದಿತ್ತು.

ಮೇಲ್ವಿಚಾರಕಿ ಡೋರೀನ್ ಅವನ ಬೆನ್ನ ಹಿಂದೆ ನಿಂತು ಓದಿದಳು. "ಆಹಾ. ಕೆರೆದು ಹುಣ್ಣು ಮಾಡ್ಕೊಂಡೆ ನೋಡು. ಯಾರಪ್ಪಾ ನಿನ್ನ ಕೇಳು ಅಂದಿದ್ದು?"

"ಸರಿಯಾಗಿರ್ಲಿ ಅಂತ."

"ಸರಿಯಾಗೇ ಇದೆ ಈಗ. ತನಗೆ ತಾನೇ ಗಾಯ ಮಾಡ್ಕೊಂಡೋಳು. ಈ ಕೋಡ್ ಹೋದ್ರೆ ವಸತಿಗೃಹದೋರು ಅವಳ ರೂಮಿಗೆ ವಾಪಸ್ ಬಿಟ್ಕೊಳ್ಳಲ್ಲ. ಬೀಗ ಹಾಕಿಡೋ ವಿಭಾಗಕ್ಕೇ ಕಳಿಸೋದು."

"ದಾರ ಅಲ್ವಾ, ಡೋರೀನ್. ಬೆರಳಿಗೆ ದಾರ. ನೆನಪಿರ್ಲಿ ಅಂತ ನಿಮ್ಮನೇಲಿ ಕಟ್ತಿರ್ಲಿಲ್ವಾ?"

"ನಮ್ಮನೇಲಿ ಏನ್ ಕಟ್ತಿದ್ರು ಅಂತ ಫೈಲಲ್ಲಿ ಬರ್ದಿದೆಯಾ?" ಅವಳು ಯಾರದೋ ಹುಟ್ಟುಹಬ್ಬದ ಕೇಕಿನ ಡಬ್ಬಿಯನ್ನು ಅವನ ಮೇಜಿನ ಮೇಲಿಟ್ಟಳು. "ತಿನ್ನು. ನಾಲ್ಕಕ್ಕೆ ಫೈಲು ಮುಚ್ಚು."

ಎಮಿಲ್ ಚಿಕ್ಕವನಿದ್ದಾಗ ಅವನ ಬೀದಿಯ ಮಕ್ಕಳೆಲ್ಲ ಬೆರಳಿಗೆ ದಾರ ಕಟ್ಟಿಸಿಕೊಂಡೇ ಅಂಗಡಿಗೆ ಹೋಗುತ್ತಿದ್ದರು. ಅಮ್ಮ ಹೆಣೆಯುವ ಬುಟ್ಟಿಯಿಂದ ಕೆಂಪು ಉಣ್ಣೆಯೆಳೆ ತೆಗೆದು ಅವನ ತೋರುಬೆರಳಿಗೆ ಸುತ್ತುತ್ತಿದ್ದಳು. "ಯೀಸ್ಟು ತರ್ಬೇಕು, ಕಣೋ. ನಿನ್ನ ತಲೆ ಮರೆತ್ರೂ ಬೆರಳು ಮರೆಯಲ್ಲ." ಕಾರ್ಖಾನೆಯ ಸೈರನ್ ಕೂಗುವ ಹೊತ್ತಿಗೆ ಅವನು ಹಿಟ್ಟಿನ ವಾಸನೆಯ ಅಡುಗೆಮನೆಗೆ ಮರಳುತ್ತಿದ್ದ. ಅವಳು ಬಗ್ಗಿ, ಹಲ್ಲಿನಿಂದ ಗಂಟು ಬಿಚ್ಚಿ, ಉಳಿದ ಗೆರೆಯನ್ನು ಹೆಬ್ಬೆರಳಿನಿಂದ ತಿಕ್ಕಿ ಅಳಿಸುತ್ತಿದ್ದಳು. ಆ ಉಸಿರಿನ ಬಿಸಿ ಬೆರಳಿಗೆ ಇನ್ನೂ ನೆನಪಿತ್ತು.

ಅವನು ಡಾಕ್ಟರಿಗೆ ಫೋನ್ ಮಾಡಿದ. ಬ್ರಾಂಟ್, ಹುಡುಗ, ಬೇರೆ ಊರಿನವನು.

"ಯಾರು ಕಟ್ಟಿದ್ದು ಅಂತ ಕೇಳ್ದೆ ಕಣ್ರೀ, 'ನಾನೇ' ಅಂದ್ರು. ಇನ್ನೇನ್ ಬೇಕು ನಿಮಗೆ?"

"ಯಾಕೆ ಅಂತ..."

"ಕೇಳ್ದೆ. ನಕ್ಕರು. ನಿಮಗೇನಾದ್ರೂ ಗೊತ್ತಾ?"

ಎಮಿಲ್ ಬಾಯಿ ತೆರೆದ. ಕೋಡ್ ಹಾಕುವವನು ಡಾಕ್ಟರಿಗೆ ಉತ್ತರ ಹೇಳಿಕೊಡಕೂಡದು. ಸಂಜೆ ತರಗತಿಯ ಮೊದಲ ಪಾಠ ಅದು. ಗೋಡೆಯ ಮೇಲೆ ಅಚ್ಚು ಹಾಕಿ ಅಂಟಿಸಿದ್ದರು. ಹಾಗೆ ಹೇಳಿಕೊಟ್ಟವರ ಕೆಲಸ ಹೋಗಿದ್ದನ್ನೂ ಕಂಡಿದ್ದ.

"ಇಲ್ಲ, ಡಾಕ್ಟ್ರೇ."

"ಬದಲಾಯಿಸೋದಿದ್ರೆ ನಾಲ್ಕರೊಳಗೆ ಹೇಳಿ. ಆಮೇಲೆ ನಾನು ರಜ."

ಹೇಳಬೇಕು. ನಿಯಮ ಹಾಳಾಗಲಿ. ಕೈಲಿದ್ದ ಹತ್ತು ಫೈಲು ಮುಗಿಸಿ ಹೇಳಿಬಿಡುತ್ತೇನೆ ಎಂದುಕೊಂಡ. ಮರೆಯದಿರಲೆಂದು ಕೇಕಿನ ಡಬ್ಬಿಗೆ ಸುತ್ತಿದ್ದ ಕೆಂಪು-ಬಿಳಿ ನೂಲನ್ನು ತುಂಡರಿಸಿ ಎಡಗೈಯ ತೋರುಬೆರಳಿಗೆ ಸುತ್ತಿದ. ಒಂದು ತುದಿ ಬಲಗೈಯಲ್ಲಿ, ಇನ್ನೊಂದು ಹಲ್ಲಿನಲ್ಲಿ. ಗಂಟು ಚೆನ್ನಾಗಿ ಬಿತ್ತು. ಬಹಳ ವರ್ಷಗಳ ಮೇಲೆ ಯಾರೋ ತನ್ನನ್ನು ಏನೋ ತರಲು ಕಳಿಸಿದ್ದಾರೆ ಅನ್ನಿಸಿ, ಒಂದು ಕ್ಷಣ ಹಗುರಾದ.

ಮೂರೂವರೆಗೆ ಬೆರಳು ನೋಡಿಕೊಂಡ. ಮೂರು ಮುಕ್ಕಾಲಿಗೂ ನೋಡಿಕೊಂಡ. ಫೋನು ಕೈಯಳತೆಯಲ್ಲೇ ಇತ್ತು.

ನಾಲ್ಕಕ್ಕೆ ಐದು ನಿಮಿಷ ಇರುವಾಗ ಕೋಡ್ ಹಾಕಿ ಫೈಲು ಮುಚ್ಚಿದ.

ಮರೆತಿರಲಿಲ್ಲ.

ಮನೆಗೆ ಬಂದು, ಬೆಳಗಿನ ಒಂದು ತಟ್ಟೆ, ಒಂದು ಲೋಟ ತೊಳೆದ. ಒದ್ದೆಯಾದ ನೂಲು ಬಿಗಿಯಿತು. ಬಲಗೈಯ ಉಗುರಿನಿಂದ ಗಂಟು ಎಬ್ಬಿಸಲು ನೋಡಿದ. ಅದು ಬೆರಳಿನ ಒಳಮಗ್ಗುಲಿಗೆ ಜಾರಿ ಮಾಂಸದಲ್ಲಿ ಹೂತಿತು. ಹಲ್ಲು ಹಾಕಿದ. ಕಟ್ಟುವಾಗ ಒದಗಿದ ಹಲ್ಲು ಬಿಚ್ಚಲು ಒದಗಲಿಲ್ಲ. ಕತ್ತರಿಯ ತುದಿಗೂ ಸಂದು ಸಿಗಲಿಲ್ಲ.

ಓಲ್ಗಾ ಪೆಟ್ರಸ್ ನೆನಪಿಗೆಂದು ದಾರ ಕಟ್ಟಿಕೊಂಡೂ ಏನನ್ನೋ ಮರೆತಿದ್ದಾಳೆಂದು ಅವನು ಬೆಳಗಿನಿಂದ ನಂಬಿದ್ದ. ಬಹುಶಃ ಅವಳೂ ಏನನ್ನೂ ಮರೆತಿರಲಿಲ್ಲ. ಮೂರು ದಿನ, ಆ ರೂಮಿಗೆ, ಗಂಟು ಬಿಚ್ಚಲು ಇನ್ನೊಂದು ಕೈ ಬಂದಿರಲಿಲ್ಲ. ಅಷ್ಟೇ.

ಅಂಗಳದಾಚೆ ಪಕ್ಕದ ಮನೆಯ ಅಡುಗೆಮನೆಯಲ್ಲಿ ದೀಪವಿತ್ತು. ಆ ಮನೆಯವರ ಹೆಸರು ಅವನಿಗೆ ಗೊತ್ತಿರಲಿಲ್ಲ. ಹೋಗಿ ಬಾಗಿಲು ತಟ್ಟಿದರೆ ಮೊದಲು ಕೇಳುವುದು ಒಂದೇ: ಯಾರು ಕಟ್ಟಿದ್ದು?

"ನಾನೇ," ಎಂದು ಖಾಲಿ ಅಡುಗೆಮನೆಗೆ ಹೇಳಿ ನೋಡಿದ. ನಗು ಬಂತು. ಬಲ್ಬಿನ ಕೆಳಗೆ ಎತ್ತಿ ಹಿಡಿದ ಬೆರಳು, ಯಾರಿಗೋ ಏನನ್ನೋ ತೋರಿಸುವಂತೆ ನೆಟ್ಟಗೆ ನಿಂತು, ನಿಧಾನವಾಗಿ ನೀಲಿಯಾಗುತ್ತಿತ್ತು.