ಇಸ್ತ್ರಿ ಕೋಣೆಯ ಬೆವರುಜೇನು

ಹುಳುಹುಪ್ಪಟೆಗೆ ಔಷಧಿ ಹೊಡೆಯುವುದು ಅವನ ಕಸುಬು. ಸದಾ ಬೆನ್ನಿಗೆ ಪಂಪು ಕಟ್ಟಿಕೊಂಡೇ ಓಡಾಡುತ್ತಿದ್ದುದರಿಂದ ಎಲ್ಲರ ಬಾಯಲ್ಲೂ ಪಂಪಣ್ಣನಾಗಿದ್ದ. ಅವನ ಲೆಕ್ಕದಲ್ಲಿ ಹುಳುಗಳಲ್ಲಿ ಎರಡೇ ಜಾತಿ: ಹರಿಯುವವು, ಹಾರುವವು. ಜೇನನ್ನು ಮಾತ್ರ ಮುಟ್ಟಕೂಡದೆಂದು ಪರವಾನಗಿಯಲ್ಲಿ ಷರತ್ತಿತ್ತು. ಗೂಡು ಕಟ್ಟಿ ನೇತಾಡುವ ಜೇನು ಕುರುಡನಿಗೂ ತಿಳಿಯುತ್ತದೆ ಎಂದು ಅವನು ನೆಮ್ಮದಿಯಾಗಿದ್ದ.

ಆ ನೆಮ್ಮದಿ ಕೆಟ್ಟದ್ದು ಲಾಂಡ್ರಿಯೊಂದರಲ್ಲಿ. ಅಲ್ಲಿನ ಇಸ್ತ್ರಿ ಕೋಣೆಯಲ್ಲಿ ಕೆಲಸ ಮಾಡುವ ಹೆಂಗಸರ ಕತ್ತು, ಮುಂಗೈ ಮೇಲೆಲ್ಲ ಅಕ್ಕಿಕಾಳಿನಷ್ಟು ಪುಟ್ಟ ಹುಳುಗಳು ಕೂತು ಬೆವರು ನೆಕ್ಕುತ್ತಿದ್ದವು. ಮೊಣಕೈ ಮಡಿಸಿದಾಗ ಸಿಕ್ಕಿಕೊಂಡರೆ ಚುರುಕ್ಕೆಂದು ಚುಚ್ಚುತ್ತಿದ್ದವು.

"ನೊಣ ಕಣಯ್ಯಾ, ನೋಡೋದೇನಿದೆ? ಹೊಡಿ," ಎಂದರು ಯಜಮಾನರು.

ಪಂಪಣ್ಣ ಪಂಪಿನ ಹಿಡಿಗೆ ಕೈಹಾಕುವಷ್ಟರಲ್ಲಿ ಒಂದು ಹುಳು ಅವನ ಮಣಿಕಟ್ಟಿನ ಮೇಲೇ ಕೂತಿತು. ಕಿಟಕಿಯ ಬಿಸಿಲಿಗೆ ಅದರ ಮೈ ಹಸಿರಾಗಿ ಮಿಂಚಿತು. ಹಿಂಗಾಲಿಗೆ ಹಳದಿ ಪುಡಿ ಮೆತ್ತಿತ್ತು. ನೊಣಕ್ಕೆ ಹೂವಿನ ಪುಡಿ ಹೊರುವ ಉಸಾಬರಿ ಯಾಕೆ?

"ನಾಳೆ ಬರ್ತೀನಿ ಸ್ವಾಮಿ."

"ನಾಳೆ ಎಂದವನ ಮನೆ ಹಾಳು," ಎಂದು ಯಜಮಾನರು ಗೊಣಗಿದರು.

ಹುಳುವನ್ನು ಸೀಸೆಗೆ ಹಾಕಿಕೊಂಡು ಹೊರಟವನಿಗೆ ಕೂತಲ್ಲಿ ಕೂರಲಾಗಲಿಲ್ಲ, ನಿಂತಲ್ಲಿ ನಿಲ್ಲಲಾಗಲಿಲ್ಲ. ಲಾಂಡ್ರಿಯ ಅಂಗಳದ ಬರಿಮಣ್ಣಿನಲ್ಲಿ ಇಂಥವೇ ಹುಳುಗಳು ನುಸುಳುತ್ತಿದ್ದ ಸಣ್ಣ ತೂತುಗಳು ಕಣ್ಣಿಗೆ ಕಟ್ಟಿದ್ದವು. ಅಂಥ ತೂತುಗಳಿಗೆ ಎಷ್ಟು ಕಡೆ, ಇರುವೆಯೆಂದುಕೊಂಡು, ಪುಡಿ ಸುರಿದಿದ್ದನೋ! ಕಡೆಗೆ ಅಕ್ಕನ ಹತ್ತಿರ ಓಡಿದ. ಅಕ್ಕ ಕಾಲೇಜಿನ ಕೀಟಸಂಗ್ರಹದಲ್ಲಿ ಹುಳುಗಳನ್ನು ಗುರುತಿಸಿ ಜೋಡಿಸುವವಳು.

"ತಮ್ಮ ಕೊಲ್ಲೋನು, ಅಕ್ಕ ಸೂಜಿಗೆ ಚುಚ್ಚೋಳು. ನಮ್ಮಮ್ಮ ಎಂಥ ಮುತ್ತಿನಂಥ ಮಕ್ಕಳನ್ನ ಹೆತ್ತಳೋ," ಎಂದು ನಗುತ್ತ ಅವಳು ಸೀಸೆಯನ್ನು ತಂಪು ಪೆಟ್ಟಿಗೆಯಲ್ಲಿಟ್ಟಳು. ಹುಳು ಮರಗಟ್ಟಿದ ಮೇಲೆ ಸೂಕ್ಷ್ಮದರ್ಶಕದ ಕೆಳಗೆ ಇಟ್ಟು, "ರೆಕ್ಕೆ ಎಣಿಸು," ಎಂದಳು.

"ನಾಲ್ಕು."

"ನೊಣಕ್ಕೆ ಎರಡೇ. ಇರುವೆ, ಕಣಜ, ಜೇನು ಎಲ್ಲ ಒಂದೇ ವಂಶ. ಕಣಜದ ಕವಲೊಂದು ಬೇಟೆ ಬಿಟ್ಟು ಹೂವಿನ ಪುಡಿಗೆ ಬಿತ್ತಲ್ಲ, ಅದೇ ಜೇನು. ಜೇನಿನೊಳಗೆ ಏಳು ಕುಟುಂಬ. ರೆಕ್ಕೆ ಬುಡದ ಆ ನರ ನೋಡು, ಬಿಲ್ಲಿನ ಹಾಗೆ ಬಾಗಿದೆಯಲ್ಲ? ಇದು ಬೆವರುಜೇನಿನ ಮನೆತನ. ಗೂಡು ಮಣ್ಣಿನೊಳಗೆ. ಉಪ್ಪಿಗಾಗಿ ಬೆವರು ನೆಕ್ಕುತ್ತೆ, ಅದುಮಿದರೆ ಮಾತ್ರ ಚುಚ್ಚುತ್ತೆ."

"ಅಂದ್ರೆ ಹೊಡೀಬಾರದು?"

"ಜೇನು ಅಂದ್ಮೇಲೆ ಜೇನೇ. ಜೇನುತುಪ್ಪ ಕೊಡಲ್ಲ ಅಂತ ಸಂಬಂಧ ಕಡಿಯೋಕಾಗುತ್ತಾ?"

ಅವನಿಗೆ ಸಮಾಧಾನವಾಗಬೇಕಿತ್ತು, ಆಗಲಿಲ್ಲ. ಇಷ್ಟು ಸಣ್ಣ ನರವೊಂದು ಬಾಗಿದ್ದಕ್ಕೆ ಬದುಕು, ಬಾಗದಿದ್ದರೆ ಸಾವೇ? ಇಷ್ಟು ದಿನ ತಾನು ಕೊಂದ ಹುಳುಗಳ ನರಗಳನ್ನು ಯಾರು ನೋಡಿದ್ದರು? ದಾರಿಯುದ್ದಕ್ಕೂ ಪಂಪು ಹಿಂದೆಂದಿಗಿಂತ ಭಾರವಾಗಿತ್ತು.

ಮರುದಿನ ಲಾಂಡ್ರಿಗೆ ಹೋಗಿ, "ಇದು ಜೇನು, ನಾನು ಹೊಡೆಯೋಲ್ಲ," ಎಂದ. ಯಜಮಾನರಿಗೆ ಮೂಗಿನ ತುದಿಯಲ್ಲೇ ಸಿಟ್ಟು. "ಹಾಗಾದ್ರೆ ಇವರು ಕಚ್ಚಿಸಿಕೊಂಡೇ ಇರಬೇಕಾ?"

"ಅವು ಬರೋದು ಬೆವರಿಗೆ ಸ್ವಾಮಿ. ಬೆವರಿಲ್ಲದಿದ್ರೆ ಇಲ್ಲೇನು ಕೆಲಸ?"

ಇಸ್ತ್ರಿ ಪೆಟ್ಟಿಗೆಯನ್ನು ದಡಕ್ಕನೆ ಕೆಳಗಿಟ್ಟು, ಹೆಂಗಸರಲ್ಲಿ ಹಿರಿಯಳಾದವಳು ಸೊಂಟಕ್ಕೆ ಕೈಕೊಟ್ಟು ನಿಂತಳು. "ಕೇಳಿದ್ರಾ ಸ್ವಾಮಿ? ಫ್ಯಾನು ಹಾಕ್ಸಿ ಅಂತ ನಾವು ಬಾಯಿ ಬಡ್ಕೊಂಡಾಗ ಸೆಕೆ ಎಲ್ಲಿದೆ ಅಂದ್ರಿ. ಸೆಕೆ ಇದೆ ಅಂತ ಹುಳಕ್ಕೂ ಗೊತ್ತು, ನಿಮಗೊಬ್ಬರಿಗೆ ಗೊತ್ತಿಲ್ಲ!"

ಹೆಂಗಸರೆಲ್ಲ ಗೊಳ್ಳೆಂದು ನಕ್ಕರು. ನಗು ನಿಂತ ಮೇಲೂ ಯಾರೂ ಇಸ್ತ್ರಿ ಮುಟ್ಟಲಿಲ್ಲ. ಯಜಮಾನರು ಗಿರಾಕಿಗಳು ಬರುವ ಬಾಗಿಲನ್ನೂ ಇಸ್ತ್ರಿಯಾಗದ ಬಟ್ಟೆಯ ರಾಶಿಯನ್ನೂ ನೋಡಿದರು. ವಾರ ಕಳೆಯುವುದರೊಳಗೆ ಎರಡು ಫ್ಯಾನು ಬಂದವು, ಕಿಟಕಿಗೆ ಜಾಲರಿ ಬಂತು. ಪಂಪಣ್ಣನನ್ನು ಮಾತ್ರ ಅವರು ಮತ್ತೆ ಕರೆಯಲಿಲ್ಲ.

ಅವನ ಕೆಲಸವೂ ನಿಧಾನವಾಯಿತು. ಕರೆದ ಮನೆಗಳಲ್ಲೆಲ್ಲ ಮೊದಲು ಭೂತಗನ್ನಡಿ ಹಿಡಿದು ಮೊಣಕಾಲೂರುತ್ತಿದ್ದ. "ಹುಳಕ್ಕೆ ಜಾತಕ ನೋಡ್ತೀಯಾ?" ಎಂದು ಗೃಹಿಣಿಯೊಬ್ಬಳು ರೇಗಿದಳು.

"ಒಂದು ನಿಮಿಷ ತಾಯಿ," ಎಂದ ಅವನು, ಒದ್ದಾಡುತ್ತಿದ್ದ ಹುಳುವನ್ನು ಕಾಗದದಂಚಿನಿಂದ ಮೆಲ್ಲಗೆ ಮಗುಚುತ್ತ. "ಇದು ಯಾರ ಮನೆಯದು ಅಂತ ನನಗಿನ್ನೂ ತಿಳೀತಿಲ್ಲ."