ದೀಪ ಆರಿಸಿ

ಮೆಟ್ಟಿಲಿಂದ ಬಿದ್ದು ಸೊಂಟ ಮುರಿದುಕೊಂಡ ಮೇಲೆ ನಮ್ಮ ಲಾಂಡ್ರಿಯಲ್ಲಿ ನನ್ನ ಪಾಲಿಗೆ ಉಳಿದ ಕೆಲಸ ಎರಡು: ಕೂತಲ್ಲೇ ಇಸ್ತ್ರಿ ಮಾಡುವುದು, ಬಂದವರ ಮಾತು ಕೇಳುವುದು. ಗಂಟು ಹೊರುವುದು ನನ್ನಾಕೆಯ ಪಾಲಿಗೆ ಬಂತು. ನಮ್ಮ ಬೀದಿಯಿಂದ ಕೆಳಗಿನ ಬೀದಿಗೆ ಮೂವತ್ತೆರಡು ಕಲ್ಲು ಮೆಟ್ಟಿಲು. ಒಂದು ಕಡೆ ಗೋಡೆ, ಇನ್ನೊಂದು ಕಡೆ ಏನೂ ಇಲ್ಲ. ದೀಪವಂತೂ ಇಲ್ಲವೇ ಇಲ್ಲ. ಹತ್ತೊಂಬತ್ತನೆಯದರ ಅಂಚು ಒಡೆದಿದೆ. ನನ್ನ ಸೊಂಟ ಹೋದದ್ದು ಅಲ್ಲೇ.

ದಿನವೂ ಹೊತ್ತು ಮುಳುಗಿದ ಮೇಲೆ ಅವಳು ಕೆಳಗಿನ ವಸತಿಗೃಹದ ಹೊದಿಕೆಗಳ ಗಂಟು ಹೊತ್ತು ಇಳಿಯುತ್ತಾಳೆ. ನಾನು ಇಸ್ತ್ರಿಪೆಟ್ಟಿಗೆ ಎತ್ತಿಟ್ಟು ಅವಳ ಚಪ್ಪಲಿಯ ಸಪ್ಪಳ ಎಣಿಸುತ್ತೇನೆ. ಹತ್ತೊಂಬತ್ತಕ್ಕೆ ಉಸಿರು ಹಿಡಿಯುತ್ತೇನೆ. ಮೂವತ್ತೆರಡಾದ ಮೇಲೆ ಅವಳು ಕೆಳಗಿಂದ "ಇಳಿದೆ ರೀ!" ಎಂದು ಕೂಗಬೇಕು. ಕೂಗುವ ತನಕ ನನ್ನ ಬಾಯಲ್ಲಿ ದೇವರ ಹೆಸರು ಬಿಟ್ಟರೆ ಬೇರೆ ಮಾತಿಲ್ಲ.

ಆ ಮೆಟ್ಟಿಲಿಗೊಂದು ದೀಪ ಬೇಕೆಂದು ಅವಳು ನಗರಸಭೆಗೆ ಏಳು ಅರ್ಜಿ ಕೊಟ್ಟಳು. ಎಂಟನೆಯದನ್ನು ಬರೆಸಲು ಎದುರುಮನೆಯ ನಿವೃತ್ತ ಮೇಷ್ಟರ ಹತ್ತಿರ ಹೋದದ್ದೇ ತಪ್ಪಾಯಿತು.

"ಅರ್ಜಿ ಕೊಡೋದು ಗುಲಾಮರ ಕೆಲಸ ಕಣಮ್ಮ," ಎಂದರು ಮೇಷ್ಟರು. "ನಮ್ಮಂಥ ಸಾಮಾನ್ಯರು ರಾಜಕೀಯಕ್ಕೆ ಇಳೀಬೇಕು."

ಇಳಿದರು. ಇಳಿದದ್ದು ನಮ್ಮ ಲಾಂಡ್ರಿಗೆ. ಇಲ್ಲಿ ಕುರ್ಚಿಗಳಿವೆ, ಇಸ್ತ್ರಿಯ ಬಿಸಿಗೆ ಬೆಚ್ಚಗಿರುತ್ತದೆ, ಚಹಾ ಕೇಳಿದರೆ ಸಿಗುತ್ತದೆ. ಹನ್ನೆರಡು ಜನ ಸೇರಿ 'ಸಾಮಾನ್ಯ ನಾಗರಿಕರ ವೇದಿಕೆ' ಎಂದು ಹೆಸರಿಟ್ಟುಕೊಂಡರು. 'ಸಾಮಾನ್ಯ' ಎಂಬ ಪದ ಅವರ ಬಾಯಲ್ಲಿ ಬರುವುದನ್ನು ಕೇಳಬೇಕು; ತಲೆ ಮೇಲೆ ಕಿರೀಟ ಸರಿಮಾಡಿಕೊಂಡ ಹಾಗೆ. ಮಡಚಿಟ್ಟ ಹೊದಿಕೆಗಳ ಮೇಲೆ ಲೋಟವಿಟ್ಟು, ಗುಂಡಗೆ ಕಲೆ ಮಾಡಿ, ದೇಶದ ಭ್ರಷ್ಟಾಚಾರ ತೊಳೆಯುವ ಮಾತಾಡಿದರು. ಕಲೆ ತೊಳೆದವಳು ನನ್ನಾಕೆ.

ಮೊದಲ ದಿನ ನಗರಸಭೆ ಚುನಾವಣೆಗೆ ಅವಳನ್ನೇ ನಿಲ್ಲಿಸುವುದೆಂದು ಚಪ್ಪಾಳೆ ತಟ್ಟಿದರು. ಎರಡನೆಯ ದಿನ ಮೇಷ್ಟರು ಗಂಟಲು ಸರಿಮಾಡಿಕೊಂಡರು. "ನಮಗೇನೂ ಭೇದ ಇಲ್ಲ. ಆದ್ರೆ ಜನ ಇಸ್ತ್ರಿಯವರಿಗೆ ಮತ ಹಾಕ್ತಾರಾ, ಹೇಳಿ?"

ಜನರನ್ನು ಯಾರೂ ಕೇಳಲಿಲ್ಲ. ಔಷಧಿ ಅಂಗಡಿಯವನನ್ನು ಕೇಳಿದರು. ಅವನು ಕೇಳುವ ಮೊದಲೇ ಒಪ್ಪಿದ್ದ. ಬೀದಿಯವರೆಲ್ಲ ಅವನನ್ನು 'ಮಾತ್ರೆ' ಎನ್ನುತ್ತಾರೆ. ದುಂಡಗೆ, ಬೆಳ್ಳಗಿದ್ದಾನೆ, ತಾನಾಗಿ ಕಹಿಯೂ ಅಲ್ಲ, ಸಿಹಿಯೂ ಅಲ್ಲ.

"ಯಾರಾದ್ರೂ ನಿಲ್ಲಿ," ಎಂದಳು ನನ್ನಾಕೆ. "ಮೆಟ್ಟಿಲಿಗೆ ಒಂದು ದೀಪ ಬಂದ್ರೆ ಸಾಕು."

"ಮೊದಲ ಕೆಲಸ ಅದೇ ಅಕ್ಕ," ಎಂದ ಮಾತ್ರೆ, ಎದೆ ಮುಟ್ಟಿಕೊಂಡು.

ಅವರಿಗೆ ಸಿಕ್ಕ ಗುರುತೂ ದೀಪವೇ. ಘೋಷಣೆ ಕಟ್ಟಲು ಮೇಷ್ಟರು ಎರಡು ಸಂಜೆ ತೆಗೆದುಕೊಂಡರು. ಮೂರನೆಯ ಸಂಜೆ ಎದ್ದು ನಿಂತು, ಬೆರಳು ಮಡಚುತ್ತಾ ಹಾಡಿದರು: "ಕತ್ತಲೆ ಸಾಕು, ದೀಪ ಆರಿಸಿ! ಈಚೆಗೆ ಏಳು ಮಾತ್ರೆ, ಆಚೆಗೆ ಏಳು ಮಾತ್ರೆ. ತಕ್ಕಡಿ ಹಿಡಿದ ಹಾಗಿದೆ ನೋಡಿ."

ತನ್ನ ಹೆಸರು ಬಂತೆಂದು ಮಾತ್ರೆ ನಕ್ಕ. ಎಲ್ಲರೂ ತಲೆದೂಗಿದರು. ನನ್ನಾಕೆ ಒಗೆದ ಬಟ್ಟೆ ಕೊಡವುತ್ತಿದ್ದವಳು ನಿಂತಳು.

"ಮೇಷ್ಟ್ರೇ, ದೀಪ ಆರಿಸಿ ಅಂದ್ರೆ ಊದಿ ಆರಿಸ್ಬಿಡಿ ಅಂತಾಗಲ್ವಾ?"

"ಸಂದರ್ಭ ನೋಡಿ ಅರ್ಥ ಮಾಡ್ಕೋಬೇಕಮ್ಮ. ಆರಿಸಿ ಅಂದ್ರೆ ಚುನಾಯಿಸಿ. ನಿಂಗೆ ಆರಿಸೋದು ಅಂದ್ರೆ ಬಟ್ಟೆ ಆರಿಸೋದೇ ನೆನಪಾಗುತ್ತೆ, ಪಾಪ."

ಹನ್ನೊಂದು ಸಾಮಾನ್ಯರು ನಕ್ಕರು. ನನ್ನಜ್ಜ ಬೆಳಗಿನ ಜಾವ ಪದ್ಯ ಹೇಳುತ್ತಿದ್ದ ಮನೆಯಲ್ಲಿ ಬೆಳೆದವನು ನಾನು. ಲೆಕ್ಕವನ್ನು ಬೆರಳಿಲ್ಲದೆ ಕಿವಿಯೇ ಹಾಕುತ್ತದೆ. ಸಭೆಯಲ್ಲಿ ಎಂದೂ ಬಾಯಿಬಿಡದವನು ಅಂದು ಬಿಟ್ಟೆ.

"ದೀಪ ಗೆಲ್ಲಿಸಿ ಅಂದ್ರೂ ಏಳೇ ಮಾತ್ರೆ, ಮೇಷ್ಟ್ರೇ."

ಅವರು ಬೆರಳು ಮಡಚಿದರು. ಸರಿಹೋಯಿತು. ಇನ್ನೊಮ್ಮೆ ಮಡಚಿದರು. ಮತ್ತೂ ಸರಿಹೋಯಿತು. ಮುಖ ಕೆಂಪಾಯಿತು.

"ಗೆಲ್ಲಿಸಿ ಅಂದ್ರೆ ಭಿಕ್ಷೆ ಬೇಡಿದ ಹಾಗೆ. ನೀವು ಕಾಲರ್ ಕಡೆ ಗಮನ ಕೊಡಿ, ಸೀದುಹೋಗ್ತಿದೆ."

ಸೀದಿರಲಿಲ್ಲ.

ಪ್ರಚಾರದ ಆಟೋ ಹೊರಟಿತು. ಅದರ ಧ್ವನಿವರ್ಧಕದ ಬ್ಯಾಟರಿಗೆ ದಿನವೂ ವಿದ್ಯುತ್ತು ನಮ್ಮ ಪ್ಲಗ್ಗಿನಿಂದ. ಮಾತ್ರೆಯ ಅಂಗಡಿಯ ಪ್ಲಗ್ಗು ಫ್ರಿಜ್ಜಿಗೆ ಬೇಕಂತೆ. ಮೊದಲ ಸಂಜೆ ಆಟೋ ಬೀದಿಯ ತುದಿಯಿಂದ "ದೀಪ ಆರಿಸಿ! ದೀಪ ಆರಿಸಿ!" ಎಂದು ಮೇಷ್ಟರ ದನಿಯಲ್ಲಿ ಗದರುತ್ತಾ ಬಂತು. ಮೂರನೇ ಮಹಡಿಯ ಅಜ್ಜಿಯ ಕಿಟಕಿ ಕತ್ತಲಾಯಿತು. ಆಮೇಲೆ ಪಕ್ಕದ್ದು. ಆಮೇಲೆ ಕೆಳಗಿನ ಎರಡು. ವಿದ್ಯುತ್ ಇಲಾಖೆಯವರು ಏನೋ ರಿಪೇರಿಗೆ ಹೇಳುತ್ತಿದ್ದಾರೆಂದು ಜನ ಒಂದೊಂದಾಗಿ ಸ್ವಿಚ್ಚು ಒತ್ತುತ್ತಿದ್ದರು. ಯಾಕೆ ಎಂದು ಯಾರೂ ಕೇಳಲಿಲ್ಲ. ಗಟ್ಟಿಯಾಗಿ ಹೇಳಿದರೆ ಸಾಕು, ಈ ಬೀದಿ ಏನನ್ನಾದರೂ ಆರಿಸುತ್ತದೆ.

ಆಟೋದಲ್ಲಿದ್ದ ಮೇಷ್ಟರಿಗೆ ಕಣ್ಣೀರೇ ಬಂತು. ಒಳಗೆ ಬಂದು ಮಾತ್ರೆಯ ಭುಜ ಹಿಡಿದರು. "ನೋಡಿದ್ರಾ? ಜನ ದೀಪ ಆರಿಸಿ, ಹಚ್ಚಿ ಬೆಂಬಲ ಸೂಚಿಸ್ತಿದ್ದಾರೆ!"

"ಹಚ್ಚಿದ್ದು ಆಟೋ ಹೋದ್ಮೇಲೆ," ಎಂದಳು ನನ್ನಾಕೆ. ಯಾರೂ ಕೇಳಿಸಿಕೊಳ್ಳಲಿಲ್ಲ.

ಗೆದ್ದರು. ಎದುರಾಳಿ ಇವರಿಗಿಂತ ಕಡೆಯಾಗಿದ್ದ, ಅಷ್ಟೇ. ಅಂಥವನನ್ನು ಹುಡುಕಿಕೊಟ್ಟದ್ದು ಅವರ ಅದೃಷ್ಟ.

ಎರಡು ತಿಂಗಳಿಗೆ ದೀಪದ ಕಂಬ ಬಂತು. ನಮ್ಮೆದುರೇ ಲಾರಿಯಿಂದ ಇಳಿಸಿದರು. ನನ್ನಾಕೆ ಕೈ ಒರೆಸಿಕೊಂಡು, ಮೆಟ್ಟಿಲ ಜಾಗ ತೋರಿಸಲು ಓಡಿದಳು. ಅವರು ಆಗಲೇ ಔಷಧಿ ಅಂಗಡಿಯ ಮುಂದೆ ಗುಂಡಿ ತೋಡುತ್ತಿದ್ದರು.

"ಇಲ್ಲಿ ಆಗ್ಲೇ ಮೂರು ದೀಪ ಇವೆಯಲ್ಲಣ್ಣ?" ಎಂದಳು.

"ಹಂತಹಂತವಾಗಿ ಅಕ್ಕ," ಎಂದ ಮಾತ್ರೆ, ಗುಂಡಿಯನ್ನು ನೋಡುತ್ತಾ.

ಮೇಷ್ಟರು ಬಿಡಿಸಿ ಹೇಳಿದರು. "ಅಭಿವೃದ್ಧಿ ಮೊದಲು ಜನರ ಕಣ್ಣಿಗೆ ಬೀಳ್ಬೇಕಮ್ಮ. ಮೆಟ್ಟಿಲ ಹತ್ರ ಅಷ್ಟು ಕತ್ತಲು, ಅಲ್ಲಿ ದೀಪ ಹಾಕಿದ್ರೆ ಯಾರಿಗೆ ಕಾಣುತ್ತೆ?"

ಉದ್ಘಾಟನೆ ಅಂದೇ ಸಂಜೆ. ಮಾತ್ರೆ ಬೆಳಿಗ್ಗೆಯೇ ಬಿಳಿ ಅಂಗಿ ಒಗೆಯಲು ಕೊಟ್ಟಿದ್ದ. ಚುನಾವಣೆಯ ಶುರುವಿನಿಂದ ಅವನ ಅಂಗಿಗಳೆಲ್ಲ ನಮ್ಮ ಸೇವೆ. ಐದು ಗಂಟೆಗೆ ಮೇಷ್ಟರ ಜೊತೆ ಬಂದು ಕೈ ಚಾಚಿದ. ನನ್ನಾಕೆ ಹಿತ್ತಲಿಗೆ ಹೋಗಿ, ತೊಟ್ಟಿಯಲ್ಲಿ ಮುಳುಗಿದ್ದ ಅಂಗಿ ಎತ್ತಿ, ಒಮ್ಮೆ ಹಿಂಡಿ, ತಂದು ಅವನ ಎರಡೂ ಕೈಯಲ್ಲಿಟ್ಟಳು. ಅವನ ಬೂಟಿನ ಮೇಲೆ ನೀರು ತೊಟ್ಟಿಕ್ಕಿತು.

"ತಗೊಳ್ಳಿ. ನೀವೇ ಆರಿಸ್ಕೊಳ್ಳಿ."

"ಒಣಗಿಸಿಕೊಳ್ಳಿ ಅನ್ಬೇಕಮ್ಮ," ಎಂದರು ಮೇಷ್ಟರು, ಅಭ್ಯಾಸಬಲ.

"ಸಂದರ್ಭ ನೋಡಿ ಅರ್ಥ ಮಾಡ್ಕೊಳ್ಳಿ, ಮೇಷ್ಟ್ರೇ."

ಅವರು ಹೋದ ಮೇಲೆ ಅವಳು ಗಂಟು ಕಟ್ಟಿದಳು. ಎದುರಿಗೆ ಸಣ್ಣ ಬಣ್ಣದ ದೀಪಗಳ ಸರ, ಧ್ವನಿವರ್ಧಕ, ಕುರ್ಚಿಗಳು. ವಯರು ಬೀದಿ ದಾಟಿ ನಮ್ಮ ಪ್ಲಗ್ಗಿಗೇ ಬಂದಿತ್ತು. ನಮ್ಮನ್ನು ಕೇಳುವ ಅಭ್ಯಾಸವನ್ನು ಅವರು ಎಂದೋ ಬಿಟ್ಟಿದ್ದರು. ಅವಳು ವಯರು ದಾಟಿ, ಗಂಟು ತಲೆಗೇರಿಸಿ, ಮೆಟ್ಟಿಲ ಕಡೆ ತಿರುಗಿದಳು.

ನಾನು ಇಸ್ತ್ರಿಪೆಟ್ಟಿಗೆ ಎತ್ತಿಟ್ಟು ಎಣಿಸತೊಡಗಿದೆ. ಹದಿನೈದು. ಹದಿನಾರು. ಹದಿನೇಳು.

"ಸಾಮಾನ್ಯ ಬಂಧುಗಳೇ!" ಎಂದು ಧ್ವನಿವರ್ಧಕ ಬಾಯಿ ತೆರೆಯಿತು.

ಆಮೇಲೆ ಏನೂ ಕೇಳಿಸಲಿಲ್ಲ. ಮೇಷ್ಟರು ಕತ್ತಲೆಯ ಬಗ್ಗೆ ಮಾತಾಡುತ್ತಿದ್ದರು. ಉದ್ದಕ್ಕೆ, ಉಸಿರು ಬಿಡದೆ, ಪ್ರಾಸ ಹುಡುಕಿ ಹುಡುಕಿ. ಮೂವತ್ತೆರಡು ಇಳಿಯುವ ಹೊತ್ತು ಕಳೆಯಿತು. ಅದರ ಎರಡರಷ್ಟೂ ಕಳೆಯಿತು. ಕೆಳಗಿಂದ ಕೂಗಿಲ್ಲ. ಕೂಗಿದ್ದರೂ ಕೇಳುವ ಹಾಗಿಲ್ಲ. ಸೊಂಟ ಹಿಡಿದು, ಮೇಜಿನ ಅಂಚು ಹಿಡಿದು, ಗೋಡೆ ಹಿಡಿದು ಹೋಗಿ ಪ್ಲಗ್ಗು ಕಿತ್ತೆ.

ಮೇಷ್ಟರ ದನಿ ಪದದ ನಡುವೆಯೇ ಹೋಯಿತು. ಬಣ್ಣದ ಸರ ಆರಿತು. ಕುರ್ಚಿಗಳಲ್ಲಿದ್ದವರು, ಇದೂ ಕಾರ್ಯಕ್ರಮದ ಭಾಗವಿರಬೇಕೆಂದು, ಚಪ್ಪಾಳೆ ತಟ್ಟಿದರು. ಅದೂ ಮುಗಿಯಿತು.

"ಇಳಿದೆ ರೀ!" ಕೆಳಗಿಂದ ದನಿ ಬಂತು. "ಮೂರು ಸಲ ಕೂಗಿದ್ನಲ್ಲ, ಕಿವಿ ಎಲ್ಲಿಟ್ಟಿದ್ರಿ?"

"ಇಲ್ಲೇ," ಎಂದೆ. ವಯರನ್ನು ಸುರುಳಿ ಸುತ್ತಿ ಬಾಗಿಲಾಚೆ ಇಟ್ಟು, ಅವಳು ಹತ್ತಿ ಬರುವ ಸಪ್ಪಳವನ್ನು ಒಂದರಿಂದ ಎಣಿಸಲು ಕೂತೆ.