ಕೆಂಚಿಯ ಲದ್ದಿ, ಉಚ್ಚೆಂಗೆಮ್ಮನ ಬದನೆ

ಬದನೆ ಸಸಿಗಳು ಸುಟ್ಟುಹೋಗಿದ್ದವು. ನೀರಿಲ್ಲದೆ ಅಲ್ಲ, ಬಾವಿ ತುಂಬಿತ್ತು. ಹುಳವೂ ಹತ್ತಿರಲಿಲ್ಲ. ಕುರುಗೋಡಿನ ಉಚ್ಚೆಂಗೆಮ್ಮ ಬದುವಿನ ಮೇಲೆ ಕೂತು ಸುಮ್ಮನೆ ನೋಡಿದಳು. ಯಾರಿಗೆ ಹೇಳಬೇಕು? ಬಳ್ಳಾರಿಗೆ ಜಟಕಾ ಹೊಡೆಯುತ್ತಿದ್ದ ಗಂಡ ತೀರಿಕೊಂಡು ವರ್ಷವಾಗಿತ್ತು. ಮಕ್ಕಳಿರಲಿಲ್ಲ. ಅವಳ ಮಾತಿಗೆ ಕಿವಿ ನಿಮಿರಿಸುವ ಜೀವವೆಂದರೆ ಅವನು ಬಿಟ್ಟುಹೋದ ಮುದಿ ಕುದುರೆ ಕೆಂಚಿ ಒಂದೇ.

ಆ ಕೆಂಚಿಗೂ ಈಗ ಸಂಚಕಾರ ಬಂದಿತ್ತು. ದುಡಿಯದ ಕುದುರೆ ನನ್ನ ಎತ್ತುಗಳ ಮೇವು ತಿನ್ನುತ್ತದೆ, ಯುಗಾದಿಗೆ ಸಿರುಗುಪ್ಪದ ಸಂತೆಯಲ್ಲಿ ಮಾರಿಬಿಡುತ್ತೇನೆ ಎಂದಿದ್ದ ಗಂಡನ ಅಣ್ಣ ಕೊಟ್ಟೂರಪ್ಪ. ಏನಾದರೂ ಉಪಯೋಗ ತೋರಿಸಿದರೆ ಉಳಿದೀತೆಂದು ಉಚ್ಚೆಂಗೆಮ್ಮ ದಿನಾ ಬೆಳಗ್ಗೆ ಬಿಸಿ ಲದ್ದಿಯನ್ನೇ ಬೊಗಸೆಯಲ್ಲಿ ತಂದು ಗಿಡಗಳ ಬುಡಕ್ಕೆ ಒತ್ತಿದ್ದಳು. ತಾಜಾ ಇದ್ದಷ್ಟೂ ಸತ್ವ ಹೆಚ್ಚೆಂದು ಅವಳ ಲೆಕ್ಕ. ಪಾಪ, ಅಕ್ಕರೆಯಿಂದಲೇ ಸಸಿ ಕೊಂದಳು. ಕೊಟ್ಟೂರಪ್ಪ ಬಂದು ನೋಡಿ, ಇದರ ಲದ್ದಿಯೂ ವಿಷ ಎಂದು ಹೋದ. ಮನೆಯ ಕಟ್ಟೆಯ ಮೇಲೆ ಕೂಡಲಿಲ್ಲ. ತಮ್ಮ ಸತ್ತ ಮೇಲೆ ಅವನು ಅಲ್ಲಿ ಕೂತದ್ದೇ ಇಲ್ಲ.

ದಸರೆಯ ಹೊತ್ತಿಗೆ, ಎತ್ತು ಕುದುರೆಗಳಿಗೆ ಲಾಳ ಕಟ್ಟುತ್ತ ಊರೂರು ತಿರುಗುವ ದಾವಲಸಾಬ್ ಬಂದ. ಗಂಡನ ಹಳೇ ಗೆಳೆಯ. ಕೆಂಚಿಯ ಕಾಲು ನೋಡಿದ, ಪಾತಿ ನೋಡಿದ, ಹಿತ್ತಲ ಮೂಲೆಯ ಲದ್ದಿ ಗುಡ್ಡೆಯ ಬಳಿಗೆ ಅವಳನ್ನು ಕರೆದ.

“ಇದರಾಗ ಕೈ ಇಡವ್ವಾ.”

ಇಟ್ಟವಳು ಥಟ್ಟನೆ ಎಳೆದುಕೊಂಡಳು. ಒಳಗೆಲ್ಲ ಕಾವು.

“ಈ ಕಾವು ಬೇರಿಗೆ ಕೊಟ್ರ ಗಿಡ ಉಳೀತೈತೇನು? ವಿಷ ಅಲ್ಲ ಇದು, ಹಸಿ ಐತಿ. ಕೊಳೀಬೇಕು.”

“ಕೊಳಿಯೋತನಕ ಕೆಂಚೀನ ಇಟ್ಕೊಳ್ಳಾಕ ಭಾವ ಬಿಡ್ತಾರೇನಣ್ಣಾ? ಇದು ಹೋದ್ರ ನಾ ಯಾರ ಕೂಡ ಮಾತಾಡ್ಲಿ?”

ದಾವಲಸಾಬ್ ಗುದ್ದಲಿ ಕೇಳಿದ. ಬಾವಿಯಿಂದ ದೂರ, ಬೇವಿನ ನೆರಳಲ್ಲಿ ಇಬ್ಬರೂ ಗುಂಡಿ ತೋಡಿದರು. ಒಂದು ಪದರ ಲದ್ದಿ ಮತ್ತು ಲಾಯದ ನೆನೆದ ಹುಲ್ಲು, ಮೇಲೊಂದು ಪದರ ಒಣ ಎಲೆ, ಅದರ ಮೇಲಷ್ಟು ಮಣ್ಣು. ಹಿಂಡಿದರೆ ಕೈ ಒದ್ದೆಯಾಗಬೇಕು, ನೀರು ತೊಟ್ಟಿಕ್ಕಬಾರದು. ನೊಣ ಕೂಡದಂತೆ ಮಣ್ಣು ಮುಚ್ಚಬೇಕು, ಆಗಾಗ ತಿರುವಿ ಹಾಕಬೇಕು, ಕಾಲಲ್ಲಿ ಗಾಯವಿದ್ದರೆ ಧನುರ್ವಾಯು ತಗುಲೀತು, ಗುಂಡಿಗೆ ಇಳಿಯಬಾರದು. ಇಷ್ಟು ಹೇಳಿ ಅವನು ಮುಂದಿನ ಊರಾದ ಮೋಕದ ದಾರಿ ಹಿಡಿದ.

ಮತ್ತೆ ಉಚ್ಚೆಂಗೆಮ್ಮ ಒಬ್ಬಳೇ. ಒಂಟಿ ಮನೆಯ ಸಂಜೆ ಬಹಳ ಉದ್ದ, ಅನುಭವಿಸಿದವರಿಗೇ ಗೊತ್ತು. ಗುಂಡಿ ತಿರುವುತ್ತ ಕೆಂಚಿಗೆ ಊರ ಸುದ್ದಿಯೆಲ್ಲ ಹೇಳುತ್ತಿದ್ದಳು. ಕೆಲವೊಮ್ಮೆ ಅಳುತ್ತಲೂ ಇದ್ದಳು.

ಸಂಕ್ರಾಂತಿಗೆ ಕೈಯಿಟ್ಟರೆ ಗುಂಡಿ ತಣ್ಣಗಿತ್ತು. ಕಪ್ಪಗೆ, ಪುಡಿಪುಡಿಯಾಗಿ, ಮಣ್ಣಿನ ವಾಸನೆ. ಹೊಸ ಸಸಿ ನೆಟ್ಟು ಆ ಗೊಬ್ಬರವನ್ನು ಮಣ್ಣಿಗೆ ಬೆರೆಸಿದಳು.

ಯುಗಾದಿ ಮುಗಿದ ಮರುದಿನ ಕೊಟ್ಟೂರಪ್ಪ ಹಗ್ಗ ಹಿಡಿದು ಬಂದ. ಪಾತಿ ನೋಡಿ ನಿಂತುಬಿಟ್ಟ. ಕಾಯಿ ಭಾರಕ್ಕೆ ಗಿಡಗಳು ಬಾಗಿದ್ದವು. ಉಚ್ಚೆಂಗೆಮ್ಮ ಒಂದು ಹಿಡಿ ಗೊಬ್ಬರ ತಂದು ಅವನ ಕೈಗೆ ಸುರಿದಳು. ಅವನು ಮೂಸಿ ನೋಡಿದ.

“ಇದು ಲದ್ದಿ ಏನವ್ವಾ?”

“ಹೂಂ ಭಾವ. ನಮ್ಮ ಕೆಂಚೀದ.”

ಕೊಟ್ಟೂರಪ್ಪ ಹಗ್ಗ ಕೆಳಗಿಟ್ಟು ತಮ್ಮನ ಕಟ್ಟೆಯ ಮೇಲೆ ಕೂತ. ಬಹಳ ಹೊತ್ತು ಕೂತ. ಅಷ್ಟರಲ್ಲಿ ಕೆಂಚಿ ಲದ್ದಿ ಹಾಕಿತು. ಉಚ್ಚೆಂಗೆಮ್ಮ ಏಳುವ ಮೊದಲೇ ಅವನೇ ಎದ್ದು ಅದನ್ನು ತುಂಬಲು ಬಿದಿರಿನ ಪುಟ್ಟಿ ತಂದ.

“ಇರ್ಲಿ ಬಿಡು ಕುದುರಿ. ನನ್ನ ಮೆಣಸಿನ ಗಿಡಕ್ಕೂ ಆಗ್ತೈತಿ.”

ರೈತ ಬಂಧುಗಳೇ, ನಿಮ್ಮ ಹಿತ್ತಲಲ್ಲೂ ಲದ್ದಿ ಬಿದ್ದಿದೆಯೇ? ಹಸಿಯಾಗಿ ಗಿಡಕ್ಕೆ ಹಾಕಬೇಡಿ, ಹೊಲಸೆಂದು ದಾರಿಗೂ ಎಸೆಯಬೇಡಿ. ಇವತ್ತೇ ಗುಂಡಿ ತೋಡಿ, ತಣ್ಣಗಾಗುವವರೆಗೆ ಕಾಯಿರಿ. ಗೊಬ್ಬರವಾದ ಮೇಲೆ ಪಕ್ಕದಲ್ಲಿ ಒಂಟಿಯಾಗಿರುವವರಿಗೂ ಒಂದು ಪುಟ್ಟಿ ಒಯ್ದು ಕೊಡಿ. ಕೊಟ್ಟು ಹಾಗೇ ಬರಬೇಡಿ, ಅವರ ಕಟ್ಟೆಯ ಮೇಲೆ ಸ್ವಲ್ಪ ಹೊತ್ತು ಕೂತು ಬನ್ನಿ.